ಹಳೆಯ ಚಿತ್ರ, ಹಳೆಯ ಗಡಿ: ತುಂಗಭದ್ರೆಯ ಎಡದಂಡೆ ಮತ್ತು ಸಂಗ್ರಹದ ದೃಶ್ಯಗಳು

ಬೇರೊಂದು ಕಾಲದಲ್ಲಿ, ಬೇರೊಂದು ಉದ್ದೇಶಕ್ಕಾಗಿ ಚಿತ್ರೀಕರಿಸಿಟ್ಟ ದೃಶ್ಯಗಳನ್ನು, ಅಂದರೆ ಚಿತ್ರೋದ್ಯಮದವರು ಫೂಟೇಜ್ ಎನ್ನುವ ಸಾಮಗ್ರಿಯನ್ನು, ಹೊಸ ಚಿತ್ರಕ್ಕೆ ಬಳಸಿಕೊಳ್ಳುವ ಪದ್ಧತಿಗೆ 1927ರಲ್ಲಿ ಎಸ್ಫಿರ್ ಶುಬ್ ಹಳೆಯ ಸುದ್ದಿಚಿತ್ರಗಳನ್ನೇ ಜೋಡಿಸಿ ರೊಮನೋವ್ ಅರಸುಮನೆತನದ ಪತನವನ್ನು ತೆರೆಗೆ ತಂದಾಗ ಸ್ಪಷ್ಟ ರೂಪ ಬಂದಿತು. ಸಿಂಧನೂರು, ಲಿಂಗಸುಗೂರು, ಮಸ್ಕಿ ಸೀಮೆಯಲ್ಲಿ ಈ ಕೆಲಸಕ್ಕೆ ಮೊದಲು ಎದುರಾಗುವ ತೊಡಕು ಹುಡುಕಾಟದ್ದು.

ದಢೇಸುಗೂರಿನ ಬಳಿ ಹರಿಯುವ ತುಂಗಭದ್ರೆ 1956ರ ನವೆಂಬರ್ 1ರವರೆಗೆ ರಾಜ್ಯಗಳ ಗಡಿಯಾಗಿತ್ತು. ಈಚೆಯ ದಂಡೆ ಹೈದರಾಬಾದಿಗೆ ಸೇರಿದ್ದರೆ, ಆಚೆಯ ಸಿರುಗುಪ್ಪ 1953ರ ಅಕ್ಟೋಬರ್‌ವರೆಗೆ ಮದ್ರಾಸಿನಲ್ಲಿಯೂ ಆನಂತರ ಮೈಸೂರಿನಲ್ಲಿಯೂ ಇತ್ತು. ಹೀಗಾಗಿ 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ನಿನಂಥ ಸಂಸ್ಥೆಗಳ ಆ ಕಾಲದ ಸಾಮಗ್ರಿಯಲ್ಲಿ ‘ಕರ್ನಾಟಕ’ ಎಂಬ ಹೆಸರು ಹಿಡಿದು ಹುಡುಕುವುದರಲ್ಲಿ ಅರ್ಥವಿಲ್ಲ. ರಾಜ್ಯಕ್ಕೆ ಆ ಹೆಸರು ಬಂದದ್ದೇ 1973ರಲ್ಲಿ. ಹಟ್ಟಿ ಚಿನ್ನದ ಗಣಿಯ ಕಂಪನಿಯೂ 1947ರಲ್ಲಿ ಹೈದರಾಬಾದಿನ ಹೆಸರಿನಲ್ಲೇ ಸ್ಥಾಪನೆಯಾಗಿತ್ತು, ಮಸ್ಕಿಯಂತೂ ತೀರ ಇತ್ತೀಚಿನವರೆಗೆ ಲಿಂಗಸುಗೂರು ತಾಲ್ಲೂಕಿನ ಊರು.

ಟಿ.ವಿ. ಬಂದಾಗಲೂ ಹೈದರಾಬಾದಿನ ನಂಟು ತಪ್ಪಲಿಲ್ಲ. 1975ರ ಆಗಸ್ಟ್‌ನಿಂದ 1976ರ ಜುಲೈವರೆಗೆ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಲ್ಲಿ ನಡೆದ ‘ಸೈಟ್’ ಪ್ರಯೋಗಕ್ಕೆ, ಅಂದರೆ ಉಪಗ್ರಹದ ಮೂಲಕ ಹಳ್ಳಿಗಳಿಗೆ ನೇರವಾಗಿ ಶಿಕ್ಷಣ ಕಾರ್ಯಕ್ರಮ ತಲುಪಿಸುವ ಯೋಜನೆಗೆ, ಕರ್ನಾಟಕದಿಂದ ಆಯ್ಕೆಯಾದ ಜಿಲ್ಲೆಗಳು ಬಿಜಾಪುರ, ಗುಲ್ಬರ್ಗಾ ಮತ್ತು ರಾಯಚೂರು. ಕೋಳಿಗೂಡಿಗೆ ಬಳಸುವಂಥ ತಂತಿಜಾಲರಿಯಿಂದ ಮಾಡಿದ, ಸುಮಾರು ಹತ್ತು ಅಡಿ ಅಗಲದ ತಟ್ಟೆಯಾಕಾರದ ಆಂಟೆನಾದ ನೆರವಿನಿಂದ ಜನ ಒಂದೆಡೆ ಕೂತು ನೋಡುತ್ತಿದ್ದ ಕನ್ನಡ ಕಾರ್ಯಕ್ರಮಗಳು ತಯಾರಾಗುತ್ತಿದ್ದುದು ಹೈದರಾಬಾದಿನ ನಿರ್ಮಾಣ ಕೇಂದ್ರದಲ್ಲಿ. ದುಬಾರಿ ಟೇಪನ್ನು ಅಳಿಸಿ ಮತ್ತೆ ಬಳಸುವ ರೂಢಿ ಆ ಕಾಲದಲ್ಲಿ ಬಿಬಿಸಿಯಂಥ ಸಂಸ್ಥೆಯಲ್ಲೂ ಇದ್ದುದರಿಂದ, ಅಂದು ಪ್ರಸಾರವಾದದ್ದೆಲ್ಲ ಇಂದು ಸಿಗುತ್ತದೆಂದು ನಂಬುವಂತಿಲ್ಲ. ಸಿಕ್ಕರೂ, 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಚಲನಚಿತ್ರದ ಹಕ್ಕು ಪ್ರಕಟಣೆಯ ಮರುವರ್ಷದಿಂದ 60 ವರ್ಷ ಇರುವುದರಿಂದ, 1975ರ ಚಿತ್ರಕ್ಕೆ 2035ರ ಕೊನೆಯವರೆಗೂ ಅನುಮತಿ ಬೇಕು. ಆಗಿನ 4:3 ಚೌಕಟ್ಟನ್ನು ಈಗಿನ 16:9 ಪರದೆಗೆ ತುಂಬಿಸಹೊರಟರೆ ಚಿತ್ರದ ಎತ್ತರದಲ್ಲಿ ಕಾಲುಭಾಗ ಕತ್ತರಿಸಿಹೋಗುತ್ತದೆ. ಜಾಲರಿಯ ಮೇಲಂಚೋ ಮುಂದೆ ಕೂತ ಮಕ್ಕಳೋ, ಯಾವುದಾದರೊಂದನ್ನು ಬಿಡಬೇಕು. ಇಕ್ಕೆಲಗಳಲ್ಲಿ ಕಪ್ಪು ಪಟ್ಟಿ ಉಳಿಸಿ ಪೂರ್ತಿ ಚಿತ್ರ ತೋರಿಸುವುದೇ ಪ್ರಾಮಾಣಿಕ ಮಾರ್ಗ.

ಇದಕ್ಕಿಂತ ದೊಡ್ಡ ಪ್ರಮಾದ ಕಾಲದ್ದು. ನಿಜಾಮರ ಕಾಲದ ಸಿಂಧನೂರನ್ನು ವರ್ಣಿಸುವ ಮಾತಿನ ಹಿಂದೆ ಹಸಿರು ಭತ್ತದ ಗದ್ದೆಯ ದೃಶ್ಯ ಹಾಕುವುದು ಸುಲಭ, ಕಣ್ಣಿಗೂ ಹಿತ. ಆದರೆ 1953ರಲ್ಲಿ ಅಣೆಕಟ್ಟೆಯಿಂದ ನೀರು ಬಿಟ್ಟು, ಎಡದಂಡೆ ನಾಲೆ ಈ ಭಾಗಕ್ಕೆ ತಲುಪುವ ಮೊದಲು ಇಲ್ಲಿನ ಎರೆಭೂಮಿಯ ಬಹುಪಾಲು ಮಳೆಯನ್ನೇ ನಂಬಿ ಜೋಳ, ಹತ್ತಿ ಬೆಳೆಯುತ್ತಿತ್ತು. ಕೆಸರುಗದ್ದೆಯಾಗಲಿ, ಕರಾವಳಿ ಆಂಧ್ರದಿಂದ ಬಂದ ರೈತರು ನೆಲೆಸಿದ ‘ಕ್ಯಾಂಪು’ಗಳಾಗಲಿ ಕಾಣುವ ದೃಶ್ಯ ನಾಲೆಯ ನಂತರದ್ದೆಂದೇ, ಡಬ್ಬಿಯ ಮೇಲಿನ ಚೀಟಿ ಏನೇ ಹೇಳಲಿ, ಮೊದಲು ಊಹಿಸಿ ಪರಿಶೀಲನೆಗೆ ತೊಡಗಬೇಕಾಗುತ್ತದೆ.