ಅಝಾನ್ ಕೇಳಿಸುತ್ತಿದ್ದ ಲುಚೇರಾ

ಇಟಲಿಯ ಭೂಪಟವನ್ನು ಬೂಟಿಗೆ ಹೋಲಿಸುವುದು ವಾಡಿಕೆ. ಆ ಬೂಟಿನ ಹಿಮ್ಮಡಿಗಿಂತ ಸ್ವಲ್ಪ ಮೇಲೆ ಪುಲಿಯಾ ಪ್ರಾಂತದ ಗೋಧಿ ಬಯಲು. ಬಯಲಿನ ಅಂಚಿನ ಗುಡ್ಡದ ಮೇಲೆ ಲುಚೇರಾ ಎಂಬ ಊರಿದೆ. ಜನಸಂಖ್ಯೆ ಸುಮಾರು 30 ಸಾವಿರ. ರೋಮ್, ವೆನಿಸ್ ನೋಡಿ ಹಿಂದಿರುಗುವ ಪ್ರವಾಸಿಗರು ಈ ಕಡೆ ತಲೆ ಹಾಕುವುದು ಕಡಿಮೆ. ಆದರೆ 13ನೇ ಶತಮಾನದಲ್ಲಿ ಈ ಊರಿನ ಹೆಸರು ಕೇಳಿದರೆ ಪೋಪರ ನಿದ್ದೆ ಕೆಡುತ್ತಿತ್ತು. ಕಾರಣ, ಆಗ ಇದು ಮುಸ್ಲಿಮರ ಊರಾಗಿತ್ತು.

ಮುಸ್ಲಿಮರು ಇಲ್ಲಿಗೆ ದಂಡೆತ್ತಿ ಬಂದವರಲ್ಲ, ಎಳೆದು ತರಲ್ಪಟ್ಟವರು. ಸಿಸಿಲಿ ದ್ವೀಪದಲ್ಲಿ ಕ್ರಿ.ಶ. 827ರಿಂದ ನೆಲೆಯೂರಿದ ಮುಸ್ಲಿಮ್ ಆಡಳಿತವನ್ನು 1091ರ ಹೊತ್ತಿಗೆ ನಾರ್ಮನ್ನರು ಪೂರ್ತಿ ಕೊನೆಗಾಣಿಸಿದ್ದರು. ಆಡಳಿತ ಹೋದರೂ ಜನ ಅಲ್ಲೇ ಉಳಿದರು. ದಬ್ಬಾಳಿಕೆ ಹೆಚ್ಚಿದಾಗ ಬೆಟ್ಟ ಸೇರಿ ಬಂಡೆದ್ದರು. 1220ರ ದಶಕದಲ್ಲಿ ಚಕ್ರವರ್ತಿ ಎರಡನೆಯ ಫ್ರೆಡರಿಕ್ ಆ ಬಂಡಾಯವನ್ನು ಹತ್ತಿಕ್ಕಿ, ಅವರ ನಾಯಕ ಇಬ್ನ್ ಅಬ್ಬಾದನನ್ನು ಕೊಲ್ಲಿಸಿ, ಸಾವಿರಾರು ಕುಟುಂಬಗಳನ್ನು ಸಮುದ್ರ ದಾಟಿಸಿ ಲುಚೇರಾದಲ್ಲಿ ತಂದಿಳಿಸಿದ. 1240ರ ದಶಕದಲ್ಲಿ ಇನ್ನೊಂದು ತಂಡ ಬಂತು. ಒಟ್ಟು 15ರಿಂದ 20 ಸಾವಿರ ಜನರಿದ್ದರೆಂದು ಇತಿಹಾಸಕಾರರ ಅಂದಾಜು.

ಈ ಫ್ರೆಡರಿಕ್ ವಿಚಿತ್ರ ಮನುಷ್ಯ. ಪಲೆರ್ಮೋದಲ್ಲಿ ಬೆಳೆದವನು, ಅರಬಿ ವಿದ್ವಾಂಸರೊಡನೆ ಗಣಿತ, ತತ್ವಶಾಸ್ತ್ರಗಳ ಚರ್ಚೆ ನಡೆಸಿದವನು. 1229ರಲ್ಲಿ ಯುದ್ಧವಿಲ್ಲದೆ, ಸುಲ್ತಾನ್ ಅಲ್ ಕಾಮಿಲ್ ಜೊತೆಗಿನ ಒಪ್ಪಂದದ ಮೂಲಕವೇ ಜೆರುಸಲೇಮನ್ನು ಪಡೆದವನು. ಹಾಗೆಂದು ಅವನನ್ನು ಉದಾರಿ ಎಂದು ಹೊಗಳುವ ನಮ್ಮ ಕೆಲವು ಲೇಖಕರ ಉತ್ಸಾಹ ನನಗೆ ಒಪ್ಪಿಗೆಯಿಲ್ಲ. ಮನೆಮಠ ಕಿತ್ತುಕೊಂಡು ಗಡೀಪಾರು ಮಾಡಿದವನೂ ಅವನೇ ತಾನೆ? ಲುಚೇರಾದಲ್ಲಿ ಮಸೀದಿ, ಖಾಝಿ, ನಮಾಝು ಎಲ್ಲಕ್ಕೂ ಅವಕಾಶ ಕೊಟ್ಟ, ನಿಜ. ಅದಕ್ಕೆ ಪ್ರತಿಯಾಗಿ ತೆರಿಗೆ ವಸೂಲು ಮಾಡಿದ. ಆ ತೆರಿಗೆಯ ಹೆಸರು ಲ್ಯಾಟಿನ್ ದಾಖಲೆಗಳಲ್ಲಿ ‘ಜಿಸಿಯಾ’ ಎಂದಿದೆ. ಅಂದರೆ ನಮ್ಮ ಜಿಝಿಯಾ! ಮುಸ್ಲಿಮ್ ದೊರೆಗಳು ಪರಧರ್ಮೀಯರಿಂದ ಪಡೆಯುತ್ತಿದ್ದ ತೆರಿಗೆಯನ್ನು ಕ್ರೈಸ್ತ ದೊರೆಯೊಬ್ಬ ಅದೇ ಹೆಸರಿನಲ್ಲಿ ಮುಸ್ಲಿಮರಿಂದಲೇ ಪಡೆದ.

ಹೊಲ ಉತ್ತರು, ಗೋಧಿ ಬೆಳೆದರು, ಬಿಲ್ಲುಬಾಣ ತಯಾರಿಸಿದರು, ಚಕ್ರವರ್ತಿಯ ಒಂಟೆಗಳನ್ನು ಸಾಕಿದರು. ಆದರೆ ಅವನಿಗೆ ಅವರಿಂದ ಬೇಕಾಗಿದ್ದುದು ಮುಖ್ಯವಾಗಿ ಸೈನ್ಯ. ಪೋಪ್ ಅವನನ್ನು ಧರ್ಮದಿಂದ ಬಹಿಷ್ಕರಿಸಿದಾಗ ಕ್ರೈಸ್ತ ಸೈನಿಕರ ಕೈ ನಡುಗುತ್ತಿತ್ತು. ಲುಚೇರಾದ ಬಿಲ್ಲುಗಾರರಿಗೆ ಪೋಪರ ಶಾಪದ ಭಯವೆಲ್ಲಿಯದು? 1237ರ ಕೋರ್ತೆನೋವಾ ಯುದ್ಧದಲ್ಲೂ ಅವರು ಅವನ ಪರವಾಗಿ ಕಾದಿದರು. ದೊರೆಯ ಶತ್ರುಗಳೆಲ್ಲ ಇವರಿಗೂ ಶತ್ರುಗಳಾದರು. ಇವರನ್ನು ಕಾಯಲು ದೊರೆಯ ಮನೆತನವೊಂದನ್ನು ಬಿಟ್ಟರೆ ಬೇರೆ ಯಾರೂ ಇರಲಿಲ್ಲ.

ಫ್ರೆಡರಿಕನ ಮಗ ಮಾನ್‌ಫ್ರೆಡನ ಆಸ್ಥಾನಕ್ಕೆ 1261ರಲ್ಲಿ ಈಜಿಪ್ಟಿನ ಸುಲ್ತಾನ್ ಬೈಬರ್ಸ್ ಕಳುಹಿಸಿದ ದೂತರಾಗಿ ಇಬ್ನ್ ವಾಸಿಲ್ ಎಂಬ ವಿದ್ವಾಂಸರು ಬಂದರು. ಲುಚೇರಾವನ್ನು ‘ಲೂಜಾರಾ’ ಎಂದು ಕರೆದ ಅವರು, ಅಲ್ಲಿನವರೆಲ್ಲ ಸಿಸಿಲಿ ಮೂಲದ ಮುಸ್ಲಿಮರೆಂದೂ ಜುಮಾ ನಮಾಝು ಬಹಿರಂಗವಾಗಿ ನಡೆಯುತ್ತದೆಂದೂ ದಾಖಲಿಸಿದ್ದಾರೆ. ದೊರೆಯ ಪರಿವಾರದಲ್ಲಿ ಬಹುಪಾಲು ಮುಸ್ಲಿಮರೇ ಇದ್ದು, ಅವನ ಶಿಬಿರದಲ್ಲಿಯೂ ಅಝಾನ್ ಮೊಳಗುತ್ತಿತ್ತಂತೆ. ಇಬ್ನ್ ವಾಸಿಲ್ ಆ ದೊರೆಗಾಗಿ ತರ್ಕಶಾಸ್ತ್ರದ ಗ್ರಂಥವೊಂದನ್ನೂ ಬರೆದರು.

ಐದೇ ವರ್ಷ. 1266ರಲ್ಲಿ ಪೋಪರ ಬೆಂಬಲದಿಂದ ಬಂದ ಆಂಜೂವಿನ ಚಾರ್ಲ್ಸ್ ಬೆನೆವೆಂತೋ ಯುದ್ಧದಲ್ಲಿ ಮಾನ್‌ಫ್ರೆಡನನ್ನು ಕೊಂದ. ಹಳೆಯ ಮನೆತನದ ಕುಡಿ ಕೊನ್ರಾದಿನ್ 1268ರಲ್ಲಿ ಬಂದಾಗ ಲುಚೇರಾ ಅವನ ಪರ ಬಂಡೆದ್ದಿತು. ದೀರ್ಘ ಮುತ್ತಿಗೆಯಲ್ಲಿ ಹಸಿದು ಕಂಗಾಲಾಗಿ 1269ರಲ್ಲಿ ಶರಣಾಯಿತು. ಚಾರ್ಲ್ಸ್ ಅವರನ್ನು ಓಡಿಸಲಿಲ್ಲ; ಅವರ ತೆರಿಗೆ ಅವನಿಗೂ ಬೇಕಿತ್ತು. ಬದಲಿಗೆ ಊರ ಪಕ್ಕದಲ್ಲಿ ಫ್ರೆಡರಿಕನ ಅರಮನೆಯನ್ನು ಒಳಗೊಂಡಂತೆ ದೊಡ್ಡ ಕೋಟೆ ಕಟ್ಟಿಸಿ, ಪ್ರೋವೆನ್ಸಿನಿಂದ ಕ್ರೈಸ್ತ ಕುಟುಂಬಗಳನ್ನು ಕರೆತಂದು ಅದರೊಳಗೆ ಕೂರಿಸಿದ.

ಆ ಕೋಟೆಯೇ ಇಂದು ಲುಚೇರಾದ ಮುಖ್ಯ ಆಕರ್ಷಣೆ. ಸುಮಾರು 900 ಮೀಟರ್ ಸುತ್ತಳತೆಯ ಗೋಡೆ, 24 ಬುರುಜುಗಳು. ಒಳಗೆ ಹೆಚ್ಚು ಭಾಗ ಬಯಲು, ಒಂದು ಮೂಲೆಯಲ್ಲಿ ಫ್ರೆಡರಿಕನ ಅರಮನೆಯ ಅಡಿಪಾಯ. ಊರ ಇನ್ನೊಂದು ಬದಿಯಲ್ಲಿ ಅಗಸ್ಟಸ್ ಚಕ್ರವರ್ತಿಯ ಕಾಲದ ರೋಮನ್ ರಂಗಭೂಮಿಯಿದೆ. ಮಣ್ಣಿನಡಿಯಲ್ಲಿದ್ದ ಅದು 1932ರಲ್ಲಿ ಬೆಳಕಿಗೆ ಬಂತು. ಗ್ಲಾಡಿಯೇಟರುಗಳ ಕಾಳಗ ನಡೆಯುತ್ತಿದ್ದ ಜಾಗ.

ಕೊನೆಗೆ 1300ರ ಆಗಸ್ಟ್ ಬಂತು. ಚಾರ್ಲ್ಸನ ಮಗ ಎರಡನೆಯ ಚಾರ್ಲ್ಸ್ ಸಾಲದಲ್ಲಿ ಮುಳುಗಿದ್ದ. 1289ರಲ್ಲೇ ತನ್ನ ಆಂಜೂ ಮತ್ತು ಮೇನ್ ಸೀಮೆಗಳಿಂದ ಯಹೂದಿಗಳನ್ನು ಹೊರದಬ್ಬಿದ್ದವನು ಈಗ ಲುಚೇರಾ ಕಡೆ ತಿರುಗಿದ. ಅವನ ಆದೇಶದಂತೆ ಜೊವಾನ್ನಿ ಪಿಪಿನೋ ಎಂಬ ಅಧಿಕಾರಿ ಊರನ್ನು ವಶಪಡಿಸಿಕೊಂಡ. ಆದೇಶದ ಭಾಷೆ ಧರ್ಮದ್ದು. ಆದರೆ ಜನರನ್ನು ಗುಲಾಮರನ್ನಾಗಿ ಮಾರಲಾಯಿತು. ಜಮೀನು, ಧಾನ್ಯ, ಜಾನುವಾರು ಖಜಾನೆಯ ಪಾಲಾಯಿತು. ಮೂರು ತಲೆಮಾರು ತೆರಿಗೆ ಕೊಟ್ಟವರು, ಸೈನ್ಯಕ್ಕೆ ಮಕ್ಕಳನ್ನು ಕೊಟ್ಟವರು ಸಂತೆಯ ಸರಕಾದರು. ಕೆಲವರು ಮತಾಂತರಗೊಂಡು ಉಳಿದರು.

ಸಿಸಿಲಿಯನ್ನು ನೆನೆದು ಇಕ್ಬಾಲರು ಕಣ್ಣೀರಿಟ್ಟ ಕವಿತೆಯನ್ನು ಉರ್ದು ಕಲಿತ ನಾವು ಓದಿದ್ದೇವೆ. ಅದೇ ಸಿಸಿಲಿಯಿಂದ ಹೊರದಬ್ಬಲ್ಪಟ್ಟ ಈ ಜನರ ಹೆಸರನ್ನು ಮಾತ್ರ ಯಾವ ಮೇಷ್ಟರೂ ನನಗೆ ಹೇಳಿಕೊಟ್ಟಿರಲಿಲ್ಲ.

ಊರ ನಡುವೆ ಎರಡನೆಯ ಚಾರ್ಲ್ಸ್ ಕಟ್ಟಿಸಿದ ಕಥೀಡ್ರಲ್ ಇದೆ. ಮಹಾ ಮಸೀದಿ ಇದ್ದ ಜಾಗ ಅದೇ ಎನ್ನುತ್ತಾರೆ. ಊರಿನ ಹೆಸರನ್ನೂ ಅವನು ಸಾಂತಾ ಮರಿಯಾ ನಗರವೆಂದು ಬದಲಿಸಿದ್ದ. ಆ ಹೆಸರು ನಿಲ್ಲಲಿಲ್ಲ. ಜನ ಮತ್ತೆ ಲುಚೇರಾ ಎಂದೇ ಕರೆಯತೊಡಗಿದರು.