ಬೆಳ್ಳಿತೆರೆಯಿಂದ ಕಿರುತೆರೆಗೆ: ಕಿನುಯೊ ತನಕಾ ನಡೆದ ದಾರಿ

ಜಪಾನಿನ ಹೊನ್ಶು ದ್ವೀಪದ ಪಶ್ಚಿಮದ ತುದಿಯಲ್ಲಿ, ಅದನ್ನು ಕ್ಯೂಶುವಿನಿಂದ ಬೇರ್ಪಡಿಸುವ ಕಿರಿದಾದ ಜಲಸಂಧಿಯ ದಡದಲ್ಲಿ, ಶಿಮೊನೊಸೆಕಿ ಎಂಬ ಬಂದರು ಪಟ್ಟಣವಿದೆ. ಮೇಜಿ ಚಕ್ರವರ್ತಿಯ ದೀರ್ಘ ಆಳ್ವಿಕೆ ಮುಗಿಯಲು ಮೂರು ವರ್ಷವೂ ಉಳಿದಿರದ ಕಾಲ. 1909ರ ನವೆಂಬರ್ 29ರಂದು ಆ ಊರಿನ ತನಕಾ ಮನೆತನದಲ್ಲಿ, ತುಂಬು ಸಂಸಾರದ ಕೊನೆಯ ಕೂಸಾಗಿ, ಕಿನುಯೊ ಹುಟ್ಟಿದರು. ಎಳವೆಯಲ್ಲೇ ತಂದೆ ತೀರಿಕೊಂಡರು. ಮನೆತನದ ಸಿರಿ ಕರಗಿತು. ತಾಯಿ ಮಕ್ಕಳನ್ನು ಕಟ್ಟಿಕೊಂಡು ಒಸಾಕಾ ನಗರ ಸೇರಿದರು. ಅಲ್ಲಿ ಬಾಲಕಿ ಕಿನುಯೊ ಬೀವಾ ಎಂಬ ತಂತಿವಾದ್ಯ ಕಲಿತು, ಹುಡುಗಿಯರೇ ನುಡಿಸಿ ಹಾಡಿ ಕುಣಿಯುವ ಗೀತನಾಟಕ ಮಂಡಳಿಯೊಂದಕ್ಕೆ ಸೇರಿದಳು. ಕಲೆ ಅವಳಿಗೆ ಹವ್ಯಾಸವಾಗಿ ಬಂದದ್ದಲ್ಲ, ಅನ್ನದ ದಾರಿಯಾಗಿ ಬಂದದ್ದು. ಆ ನೆನಪನ್ನು ಅವರು ಕೊನೆಯವರೆಗೂ ಬಿಟ್ಟುಕೊಡಲಿಲ್ಲ.

1923ರ ಸೆಪ್ಟೆಂಬರ್ 1ರಂದು ಕಾಂಟೊ ಪ್ರಾಂತ್ಯದಲ್ಲಿ ಭೂಮಿ ನಡುಗಿ ಟೋಕಿಯೊ ಸುಟ್ಟು ಬೂದಿಯಾಯಿತು. ರಾಜಧಾನಿಯ ಚಿತ್ರನಿರ್ಮಾಣ ನಿಂತುಹೋದಾಗ ಶೊಚಿಕು ಸಂಸ್ಥೆ ಕ್ಯೋಟೊದ ಶಿಮೊಗಾಮೊದಲ್ಲಿ ಹೊಸ ಸ್ಟುಡಿಯೊ ತೆರೆಯಿತು. ಮರುವರ್ಷ, ಹದಿನೈದೂ ತುಂಬದ ಕಿನುಯೊ ಆ ಸ್ಟುಡಿಯೊದ ಬಾಗಿಲು ದಾಟಿದರು. ‘ಗೆನ್ರೊಕು ಓನ್ನಾ’ ಅವರ ಮೊದಲ ಚಿತ್ರ. 1925ರಲ್ಲಿ ಅವರು ಟೋಕಿಯೊದ ಕಮಾತಾ ಸ್ಟುಡಿಯೊಕ್ಕೆ ಬಂದರು. ದೊಡ್ಡ ಮನೆತನಗಳ, ವೀರರ ಕಥೆಗಳಿಗಿಂತ ಗುಮಾಸ್ತರು, ವಿದ್ಯಾರ್ಥಿಗಳು, ಅಂಗಡಿಯ ಹುಡುಗಿಯರ ಬದುಕನ್ನು ತೋರಿಸುವುದೇ ಕಮಾತಾದ ಹಿರಿಮೆಯಾಗಿತ್ತು. ಕುಳ್ಳಗಿನ ಮೈಕಟ್ಟು, ದುಂಡು ಮುಖ, ನೆರೆಮನೆಯ ಹುಡುಗಿಯಂಥ ನಗು: ಆ ಕಾಲ ಹುಡುಕುತ್ತಿದ್ದ ನಾಯಕಿ ಇವರೇ ಎಂದು ಪ್ರೇಕ್ಷಕರು ಬೇಗ ತೀರ್ಮಾನಿಸಿದರು. 1930ರಲ್ಲಿ ‘ಕಿನುಯೊ ಮೊನೊಗತಾರಿ’ ಎಂದು ಅವರ ಹೆಸರನ್ನೇ ಹೊತ್ತ ಚಿತ್ರವೂ ತೆರೆಕಂಡಿತು.

ಆಗಿನ ಜಪಾನಿನಲ್ಲಿ ಮೂಕಿ ಚಿತ್ರ ಎಂದರೆ ನಿಶ್ಶಬ್ದವಲ್ಲ. ತೆರೆಯ ಪಕ್ಕದಲ್ಲಿ ನಿಂತು ಎಲ್ಲ ಪಾತ್ರಗಳಿಗೂ ದನಿಯಾಗುವ ಬೆನ್ಶಿ ಎಂಬ ನಿರೂಪಕರಿದ್ದರು. ಅವರ ಕೀರ್ತಿ ನಟರ ಕೀರ್ತಿಗೆ ಕಡಿಮೆಯದಾಗಿರಲಿಲ್ಲ. 1931ರಲ್ಲಿ ಹೈನೊಸುಕೆ ಗೊಶೊ ‘ಮದಾಮು ತೊ ನ್ಯೋಬೊ’ ನಿರ್ದೇಶಿಸಿದರು. ಅದು ಜಪಾನಿನ ಮೊದಲ ಯಶಸ್ವಿ ವಾಕ್ಚಿತ್ರ. ಅದರಲ್ಲಿ ಪಕ್ಕದ ಮನೆಯ ಜಾಜ್ ಸಂಗೀತಕ್ಕೆ ಮನಸೋತ ಗಂಡನ ಮೇಲೆ ಮುನಿಸಿಕೊಳ್ಳುವ ಹೆಂಡತಿ ಕಿನುಯೊ. ಮಾತು ಬಂದಿತು, ಬೆನ್ಶಿಗಳ ಕಾಲ ಮುಗಿಯತೊಡಗಿತು. ತಮ್ಮ ದನಿ ಒಗ್ಗದೆ ಎಷ್ಟೋ ತಾರೆಯರು ಹಿಂದೆ ಸರಿದ ಆ ಹೊತ್ತಿನಲ್ಲಿ ಕಿನುಯೊ ಇನ್ನಷ್ಟು ಎತ್ತರಕ್ಕೇರಿದರು. 1933ರಲ್ಲಿ ಸಾಹಿತಿ ಕವಾಬಾತಾ ಅವರ ಕಥೆಯನ್ನು ಆಧರಿಸಿದ ಚಿತ್ರದಲ್ಲಿ ಇಜುವಿನ ನರ್ತಕಿಯಾದರು. 1938ರಲ್ಲಿ ‘ಐಜೆನ್ ಕತ್ಸುರಾ’ ಬಂತು. ಮಗುವಿರುವ ವಿಧವೆ ದಾದಿಗೂ ಯುವ ವೈದ್ಯನಿಗೂ ನಡುವಣ ಪ್ರೇಮದ ಆ ಕಥೆಗೆ ಯುದ್ಧದ ನೆರಳಿನಲ್ಲಿದ್ದ ಇಡೀ ದೇಶವೇ ಕಣ್ಣೀರಿಟ್ಟಿತು.

ಯುದ್ಧ ಅವರ ಕಲೆಯನ್ನೂ ತನ್ನ ಸೇವೆಗೆ ಕರೆಯಿತು. 1944ರಲ್ಲಿ ಸೇನೆಯ ಬೆಂಬಲದಿಂದ ಕೆಯಿಸುಕೆ ಕಿನೊಶಿತಾ ‘ರಿಕುಗುನ್’ ತೆಗೆದರು. ಮಗನನ್ನು ಚಕ್ರವರ್ತಿಗೆ ಒಪ್ಪಿಸುವ ಆದರ್ಶ ತಾಯಿಯ ಕಥೆ ಅದಾಗಬೇಕಿತ್ತು. ಆದರೆ ಕೊನೆಯ ದೃಶ್ಯದಲ್ಲಿ ರಣರಂಗಕ್ಕೆ ಹೊರಟ ಪಡೆಯ ಸಾಲಿನಲ್ಲಿ ಮಗನ ಮುಖ ಹುಡುಕುತ್ತ, ಕಿನುಯೊ ನಟಿಸಿದ ಆ ತಾಯಿ ಓಡುತ್ತಾಳೆ. ಜನರ ನೂಕುನುಗ್ಗಲಿನಲ್ಲಿ ಎಡವುತ್ತಾಳೆ, ಬೀಳುತ್ತಾಳೆ, ಮತ್ತೆ ಎದ್ದು ಓಡುತ್ತಾಳೆ. ಕ್ಯಾಮೆರಾ ಅವಳನ್ನು ಬಿಡುವುದಿಲ್ಲ. ಮಾತಿಲ್ಲದ ಆ ಮುಖದಲ್ಲಿ ಗೆಲುವಿನ ಹೆಮ್ಮೆಯಿರಲಿಲ್ಲ, ಮಗನನ್ನು ಕಳೆದುಕೊಳ್ಳುವ ಭಯವಿತ್ತು. ಸೇನಾಧಿಕಾರಿಗಳು ಸಿಟ್ಟಾದರು, ಕಿನೊಶಿತಾ ಯುದ್ಧ ಮುಗಿಯುವವರೆಗೆ ಮತ್ತೊಂದು ಚಿತ್ರ ಮಾಡಲಿಲ್ಲ. ಸರ್ಕಾರ ಹೇಳಿಸಬೇಕೆಂದುಕೊಂಡದ್ದು ಒಂದು, ನಟಿಯ ಮುಖ ಹೇಳಿದ್ದು ಇನ್ನೊಂದು. ಆ ಕಾಲದ ಜಪಾನೀ ಚಿತ್ರಗಳಲ್ಲಿ ಅಷ್ಟು ದಿಟವಾದ ದೃಶ್ಯ ಬೇರೊಂದಿರಲಾರದು.

ಸೋತ ದೇಶಕ್ಕೆ ಶಾಂತಿ ಬಂತು. ಕಿನುಯೊ ಅವರಿಗೆ ಮಾತ್ರ ಬೇರೆಯೇ ಪರೀಕ್ಷೆ ಕಾದಿತ್ತು. 1949ರ ಶರತ್ಕಾಲದಲ್ಲಿ ಸೌಹಾರ್ದದ ರಾಯಭಾರಿಯಾಗಿ ಕಿಮೊನೊ ಉಟ್ಟು ಅಮೆರಿಕಕ್ಕೆ ತೆರಳಿದವರು, 1950ರ ಜನವರಿಯಲ್ಲಿ ಪಾಶ್ಚಾತ್ಯ ಉಡುಪು, ಕಪ್ಪು ಕನ್ನಡಕ ಧರಿಸಿ, ಸ್ವಾಗತಿಸಲು ಬಂದ ಜನರತ್ತ ಮುತ್ತು ತೂರುತ್ತ ಹಿಂದಿರುಗಿದರು. ಸೋಲಿನ ಗಾಯ ಇನ್ನೂ ಹಸಿಯಾಗಿದ್ದ ನಾಡು ಅದನ್ನು ಸಹಿಸಲಿಲ್ಲ. ಪತ್ರಿಕೆಗಳು ಕಟುವಾಗಿ ಹಳಿದವು. ನಲವತ್ತು ದಾಟಿದ ನಟಿಯ ಕಾಲ ಮುಗಿಯಿತೆಂದೇ ಹಲವರು ಬರೆದರು. ಅದೇ ವರ್ಷ ಅವರು ಕಾಲು ಶತಮಾನ ತಮ್ಮನ್ನು ಸಾಕಿದ ಶೊಚಿಕುವನ್ನು ಬಿಟ್ಟು ಹೊರಬಂದರು.

ಆಗ ಅವರ ಕೈಹಿಡಿದದ್ದು ನಿರ್ದೇಶಕ ಕೆಂಜಿ ಮಿಜೊಗುಚಿ. ಇಬ್ಬರೂ 1940ರಿಂದ ಜೊತೆಗೂಡಿ ದುಡಿದವರು. ಹೀಗೆ ನಟಿಸು ಎಂದು ಮಿಜೊಗುಚಿ ಯಾರಿಗೂ ಹೇಳಿಕೊಡುತ್ತಿರಲಿಲ್ಲ. ಕಲಾವಿದರೇ ಪಾತ್ರದ ಆಳಕ್ಕಿಳಿದು ಉತ್ತರ ತರಬೇಕು. ತೃಪ್ತಿಯಾಗುವವರೆಗೆ ಅದೇ ದೀರ್ಘ ದೃಶ್ಯ ಮತ್ತೆ ಮತ್ತೆ ನಡೆಯಬೇಕು. 1952ರ ‘ಸೈಕಾಕು ಇಚಿದಾಯಿ ಓನ್ನಾ’ದಲ್ಲಿ ಕಿನುಯೊ ಅರಮನೆಯ ಚೆಲುವೆಯಾಗಿ ಮೊದಲಾಗಿ, ಪ್ರಭುವಿನ ಉಪಪತ್ನಿ, ವೇಶ್ಯೆ, ಸೇವಕಿ, ಬೀದಿಯ ಮುದುಕಿಯಾಗಿ ಇಳಿಯುತ್ತ ಬರುವ ಒಹಾರು ಆದರು. ಒಂದೇ ಚಿತ್ರದಲ್ಲಿ ಒಂದು ಹೆಣ್ಣುಜನ್ಮದ ಮೂವತ್ತು ವರ್ಷ! ವೆನಿಸ್ ಚಿತ್ರೋತ್ಸವ ಆ ಕೃತಿಯನ್ನು ಗೌರವಿಸಿತು. 1953ರಲ್ಲಿ ‘ಉಗೆತ್ಸು’, 1954ರಲ್ಲಿ ‘ಸಾನ್ಶೊ ದಯು’ ಅದೇ ವೆನಿಸ್‌ನಲ್ಲಿ ಬೆಳ್ಳಿ ಸಿಂಹ ಪಡೆದವು. ಒಂದರಲ್ಲಿ ಗಂಡನ ದುರಾಸೆಗೆ ಬಲಿಯಾದ ಮಡದಿ, ಇನ್ನೊಂದರಲ್ಲಿ ದೂರದ ದ್ವೀಪದಲ್ಲಿ ಕುರುಡಾಗಿ ಮಕ್ಕಳ ಹೆಸರು ಹಾಡುವ ತಾಯಿ. ಎರಡೂ ಪಾತ್ರಗಳು ಕಿನುಯೊ ಅವರವೇ. ಮುಗಿಯಿತೆಂದು ಊರು ಷರಾ ಬರೆದ ನಟಿಯನ್ನು ಜಗತ್ತು ಎದ್ದುನಿಂತು ನೋಡಿತು.

ಆ ಕೀರ್ತಿಯ ನಡುವೆಯೇ ಅವರು ಕ್ಯಾಮೆರಾದ ಹಿಂದೆ ನಿಲ್ಲಲು ನಿರ್ಧರಿಸಿದರು. ಅದಕ್ಕೆ ಮುಂಚೆ ಜಪಾನಿನಲ್ಲಿ ಕಥಾಚಿತ್ರ ನಿರ್ದೇಶಿಸಿದ ಹೆಣ್ಣುಮಗಳು ಒಬ್ಬರೇ, ತಜುಕೊ ಸಕಾನೆ. ಮೂವತ್ತು ವರ್ಷ ನಟಿಸಿ ಹೆಸರಾದ ಕಿನುಯೊ, ಮಿಕಿಯೊ ನರುಸೆ ಅವರ ‘ಅನಿ ಇಮೊತೊ’ ಚಿತ್ರಕ್ಕೆ ಸಹಾಯಕಿಯಾಗಿ ನಿಂತು ಕೆಲಸ ಕಲಿತರು. ಬಳಿಕ 1953ರಲ್ಲಿ ‘ಕೊಯಿಬುಮಿ’ ನಿರ್ದೇಶಿಸಿದರು. ಚಿತ್ರಕಥೆ ಕಿನೊಶಿತಾ ಅವರದು. ಅಮೆರಿಕನ್ ಸೈನಿಕರಿಗೆ ಜಪಾನೀ ಹೆಂಗಸರ ಪರವಾಗಿ ಪ್ರೇಮಪತ್ರ ಬರೆದುಕೊಡುವ ಮಾಜಿ ಸೈನಿಕನ ಕಥೆ ಅದು. 1954ರ ಕಾನ್ ಉತ್ಸವದ ಸ್ಪರ್ಧೆಗೆ ಆಯ್ಕೆಯಾಯಿತು. ಎರಡನೆಯ ಚಿತ್ರದ ಹೊತ್ತಿಗೆ ನಿರ್ದೇಶಕರ ಸಂಘದ ಅಧ್ಯಕ್ಷರಾಗಿದ್ದ ಮಿಜೊಗುಚಿ ಅವರೇ ಅಡ್ಡಿ ಮಾಡಿದರು. ಚಿತ್ರಕಥೆ ಬರೆದಿದ್ದ ಯಸುಜಿರೊ ಒಜು ಕಿನುಯೊ ಬೆನ್ನಿಗೆ ನಿಂತರು. 1955ರಲ್ಲಿ ಚಿತ್ರ ಹೊರಬಂತು. ಮಿಜೊಗುಚಿ ಅವರೊಂದಿಗಿನ ನಂಟು ಅಲ್ಲಿಗೆ ಮುರಿಯಿತು. ಮರುವರ್ಷ ಮಿಜೊಗುಚಿ ತೀರಿಕೊಂಡರು. ತಮ್ಮನ್ನು ಶಿಖರಕ್ಕೇರಿಸಿದ ಗುರುವಿನ ಮಾತಿಗಿಂತ ತಮ್ಮ ಅಂತರಂಗದ ಮಾತನ್ನು ದೊಡ್ಡದೆಂದು ಬಗೆದದ್ದು ಕಿನುಯೊ ಅವರ ಜೀವನದ ಅತಿ ದಿಟ್ಟ ನಡೆ.

ಅದೇ 1955ರಲ್ಲಿ ಬಂದ ‘ಚಿಬುಸಾ ಯೊ ಎಯಿಯೆನ್ ನಾರೆ’ ಅವರ ನಿರ್ದೇಶನದ ಶ್ರೇಷ್ಠ ಕೃತಿ. ಸ್ತನ ಕ್ಯಾನ್ಸರಿನಿಂದ ಹಿಂದಿನ ವರ್ಷ 31ರ ಹರೆಯದಲ್ಲೇ ತೀರಿಕೊಂಡಿದ್ದ ಕವಯಿತ್ರಿ ಫುಮಿಕೊ ನಕಾಜೊ ಅವರ ಬದುಕು ಅದಕ್ಕೆ ಆಧಾರ. ಚಿತ್ರಕಥೆ ಬರೆದವರೂ ಹೆಣ್ಣು, ಸುಮಿಯೆ ತನಕಾ. ಸ್ತನ ಕಳೆದುಕೊಂಡ ಹೆಣ್ಣಿಗೂ ಆಸೆಯಿದೆ, ಸಿಟ್ಟಿದೆ, ಪ್ರೇಮಿಸುವ ಹಕ್ಕಿದೆ ಎಂದು ಆ ಚಿತ್ರ ಅಂಜದೆ ಸಾರಿತು. 1961ರ ‘ಓನ್ನಾ ಬಕಾರಿ ನೊ ಯೊರು’ ವೇಶ್ಯಾವೃತ್ತಿ ನಿಷೇಧದ ಕಾನೂನು ಬಂದ ಮೇಲೆ ಸುಧಾರಣಾ ಗೃಹ ಸೇರಿದ ಹೆಣ್ಣುಗಳ ಪಾಡನ್ನು ತೋರಿಸಿತು. 1962ರ ಹೊತ್ತಿಗೆ ಅವರು ನಿರ್ದೇಶಿಸಿದ ಚಿತ್ರಗಳು ಆರಾದವು.

ನಟನೆಯನ್ನೂ ಅವರು ಬಿಡಲಿಲ್ಲ. 1958ರಲ್ಲಿ ಕಿನೊಶಿತಾ ಕಬುಕಿ ರಂಗಭೂಮಿಯ ಶೈಲಿಯಲ್ಲಿ ‘ನರಾಯಾಮಾ ಬುಶಿಕೊ’ ತೆಗೆದರು. ಎಪ್ಪತ್ತು ತುಂಬಿದವರನ್ನು ಬೆಟ್ಟದ ಮೇಲೆ ಬಿಟ್ಟು ಬರುವ ಬಡ ಹಳ್ಳಿಯ ಕಥೆ. ಗಟ್ಟಿ ಹಲ್ಲಿರುವುದೇ ನಾಚಿಕೆಯೆಂದು ತನ್ನ ಹಲ್ಲನ್ನು ತಾನೇ ಮುರಿದುಕೊಳ್ಳುವ ಒರಿನ್ ಅಜ್ಜಿಯಾದಾಗ ಕಿನುಯೊ ಅವರಿಗೆ 48 ವರ್ಷ.

1958 ಜಪಾನೀ ಚಿತ್ರಮಂದಿರಗಳ ಪರಮ ವೈಭವದ ವರ್ಷವೂ ಹೌದು. ಆ ವರ್ಷ ಮಾರಾಟವಾದ ಟಿಕೆಟ್‌ಗಳು 112 ಕೋಟಿಗೂ ಹೆಚ್ಚು. ಟೆಲಿವಿಷನ್ ಮನೆಮನೆ ಹೊಕ್ಕ ಮೇಲೆ, 1970ರ ಹೊತ್ತಿಗೆ, ಆ ಸಂಖ್ಯೆ ಸುಮಾರು 25 ಕೋಟಿಗೆ ಕುಸಿಯಿತು. ಕಿನುಯೊ ಹೊಸ ಮಾಧ್ಯಮವನ್ನು ಕೀಳೆಂದು ಕಾಣಲಿಲ್ಲ. 1970ರಲ್ಲಿ ಎನ್‌ಎಚ್‌ಕೆ ಪ್ರಸಾರ ಮಾಡಿದ ಐತಿಹಾಸಿಕ ಧಾರಾವಾಹಿ ‘ಮೊಮಿನೊಕಿ ವಾ ನೊಕೊತ್ತಾ’ದಲ್ಲಿ ನಾಯಕನ ತಾಯಿಯಾದರು. 1976ರಲ್ಲಿ ಅದೇ ಎನ್‌ಎಚ್‌ಕೆಯ ಬೆಳಗಿನ ಧಾರಾವಾಹಿ ‘ಕುಮೊ ನೊ ಜೂತಾನ್’ಗೆ ನಿರೂಪಕಿಯಾದರು, ವಿಮಾನ ಹಾರಿಸುವ ಕನಸು ಕಂಡ ಹುಡುಗಿಯ ಕಥೆ ಅವರ ದನಿಯಲ್ಲಿ ಸಾಗಿತು. 1975ರಲ್ಲಿ ಆರಂಭವಾದ ‘ಜೆನ್ರ್ಯಾಕು ಒಫುಕುರೊಸಾಮಾ’ದಲ್ಲಿ, ಟೋಕಿಯೊದಲ್ಲಿ ಅಡುಗೆ ಕಸುಬು ಕಲಿಯುತ್ತಿರುವ ಮಗ ಊರಿನ ತಾಯಿಗೆ ಮನಸ್ಸಿನಲ್ಲೇ ಓಲೆ ಬರೆಯುತ್ತಾನೆ, ಆ ತಾಯಿ ಕಿನುಯೊ.

ಈ ನಡುವೆ 1974ರಲ್ಲಿ ಬಂದ ಕೆಯಿ ಕುಮಾಯಿ ಅವರ ‘ಸಂದಾಕನ್ ಹಚಿಬಾನ್ ಶೊಕನ್’ ಕಿನುಯೊ ಅವರ ಕೊನೆಯ ದೊಡ್ಡ ಚಿತ್ರ. ಅಮಾಕುಸಾದ ಬಡತನದಿಂದ ಬೋರ್ನಿಯೊದ ವೇಶ್ಯಾಗೃಹಕ್ಕೆ ಮಾರಲ್ಪಟ್ಟು, ಮುಪ್ಪಿನಲ್ಲಿ ಮುರುಕು ಗುಡಿಸಲಲ್ಲಿ ಬೆಕ್ಕುಗಳೊಂದಿಗೆ ಬದುಕುವ ಒಸಾಕಿಯ ಪಾತ್ರ. ತನ್ನ ಕಥೆ ಕೇಳಲು ಬಂದ ಯುವತಿ ಹೊರಟುನಿಂತಾಗ ಒಸಾಕಿ ಹಣ ಬೇಡುವುದಿಲ್ಲ, ಆಕೆ ಬಳಸಿದ ಟವೆಲ್ ಕೇಳುತ್ತಾಳೆ. ಅದನ್ನು ಮುಖಕ್ಕೊತ್ತಿಕೊಂಡು ಅಳುತ್ತಾಳೆ. 1975ರಲ್ಲಿ ಬರ್ಲಿನ್ ಚಿತ್ರೋತ್ಸವ ಕಿನುಯೊ ಅವರನ್ನು ಶ್ರೇಷ್ಠ ನಟಿಯೆಂದು ಸಾರಿತು.

1977ರ ಮಾರ್ಚ್ 21ರಂದು, 67ನೆಯ ವಯಸ್ಸಿನಲ್ಲಿ, ಮೆದುಳಿನ ಗಡ್ಡೆಯಿಂದ ಅವರು ತೀರಿಕೊಂಡರು. ‘ಜೆನ್ರ್ಯಾಕು ಒಫುಕುರೊಸಾಮಾ’ದ ಎರಡನೆಯ ಸರಣಿ ಆಗಿನ್ನೂ ಮುಗಿದಿರಲಿಲ್ಲ, ಕಥೆಯೊಳಗಿನ ತಾಯಿಯೂ ಕಣ್ಮುಚ್ಚಿದಳು. 1985ರಿಂದ ಮೈನಿಚಿ ಚಿತ್ರಪ್ರಶಸ್ತಿಗಳಲ್ಲಿ ಅವರ ಹೆಸರಿನ ಗೌರವ ಸೇರಿದೆ. ನಿರ್ದೇಶಕಿಯಾಗಿ ಅವರಿಗೆ ಸಲ್ಲಬೇಕಾದ ಮನ್ನಣೆ ಮಾತ್ರ ಬಹಳ ತಡವಾಗಿ ಬಂತು. 2021ರಲ್ಲಿ ಕಾನ್ ಮತ್ತು ಲಿಯೊನ್ ಉತ್ಸವಗಳಲ್ಲಿ ಅವರ ಚಿತ್ರಗಳು ಹೊಸ ಪ್ರತಿಗಳಾಗಿ ಮತ್ತೆ ಬೆಳಕು ಕಂಡವು.

ಮೂಕಿ, ವಾಕ್ಚಿತ್ರ, ಯುದ್ಧ, ಸೋಲು, ವಿಶ್ವಮನ್ನಣೆ, ಟೆಲಿವಿಷನ್: ಜಪಾನೀ ಪರದೆಯ ಅರ್ಧ ಶತಮಾನದ ಪ್ರತಿ ತಿರುವಿನಲ್ಲೂ ಕಿನುಯೊ ತನಕಾ ನಿಂತಿದ್ದರು. ಪ್ರತಿ ತಿರುವಿನಲ್ಲೂ ತಾರೆಯ ಪೀಠದಿಂದ ಇಳಿದು ಹೊಸ ವಿದ್ಯಾರ್ಥಿನಿಯಾಗುವ ಎದೆಗಾರಿಕೆ ಅವರಿಗಿತ್ತು. ಮಿಜೊಗುಚಿ, ಒಜು, ನರುಸೆ ಎಂದು ಜಪಾನೀ ಚಿತ್ರರಂಗದ ಹಿರಿಯರನ್ನು ಎಣಿಸುವಾಗ ಆ ಸಾಲಿನಲ್ಲಿ ಕಿನುಯೊ ಹೆಸರನ್ನೂ ಸೇರಿಸಬೇಕು. ಅವರ ನಟಿಯೆಂದಲ್ಲ, ಅವರಿಗೆ ಸಮನಾದ ಕಲಾವಿದೆಯೆಂದು.