ನೃತ್ಯಸಂಯೋಜನೆಯೂ ಅದರ ಬೋಧನೆಯೂ: ಶ್ರೀಮತಿ ಮಾಯಾರಾವ್ ಅವರ ಕಾರ್ಯ

ಯೂರೋಪಿನ ಭಾಷೆಗಳಲ್ಲಿ ಬಳಕೆಯಲ್ಲಿರುವ ‘ಕೊರಿಯಾಗ್ರಫಿ’ ಎಂಬ ಶಬ್ದವು ಗ್ರೀಕ್ ಮೂಲದ ಎರಡು ಪದಗಳು ಸೇರಿ ಆದುದು. ಒಂದಕ್ಕೆ ನರ್ತನವೆಂದೂ ಮತ್ತೊಂದಕ್ಕೆ ಬರವಣಿಗೆಯೆಂದೂ ಅರ್ಥ. ೧೭೦೦ರಲ್ಲಿ ಪ್ಯಾರಿಸ್ ನಗರದಲ್ಲಿ ಫೊಯಿಯೆ ಎಂಬಾತನು ಪ್ರಕಟಿಸಿದ ಗ್ರಂಥದಲ್ಲಿ ಈ ಶಬ್ದವು ಹೆಜ್ಜೆಗಳನ್ನು ಸಂಕೇತಗಳಿಂದ ಲಿಖಿಸುವ ವಿದ್ಯೆಯನ್ನೇ ಸೂಚಿಸುತ್ತಿತ್ತು. ಕಾಲಕ್ರಮದಲ್ಲಿ ನರ್ತನವನ್ನು ರಚಿಸುವ ಕಲೆ ಎಂಬ ಅರ್ಥವು ರೂಢವಾಯಿತು. ಕನ್ನಡದಲ್ಲಿ ಇದನ್ನು ನೃತ್ಯಸಂಯೋಜನೆ ಎನ್ನುವುದುಂಟು. ಈ ವಿದ್ಯೆಯನ್ನು ಭಾರತದಲ್ಲಿ ಕ್ರಮಬದ್ಧವಾದ ಪಾಠವನ್ನಾಗಿ ನೆಲೆಗೊಳಿಸಿದವರಲ್ಲಿ ಬೆಂಗಳೂರಿನ ಶ್ರೀಮತಿ ಮಾಯಾರಾವ್ (೧೯೨೮–೨೦೧೪) ಅಗ್ರಗಣ್ಯರು.

ಹೆಸರು ಪರಕೀಯವಾದರೂ ವಸ್ತುವು ನಮ್ಮವರಿಗೆ ಅಪರಿಚಿತವಲ್ಲ. ಭರತಮುನಿಯು ನಾಟ್ಯಶಾಸ್ತ್ರದ ನಾಲ್ಕನೆಯ ಅಧ್ಯಾಯದಲ್ಲಿ ೧೦೮ ಕರಣಗಳನ್ನೂ ೩೨ ಅಂಗಹಾರಗಳನ್ನೂ ನಿರೂಪಿಸಿ, ಅದರೊಡನೆ ಪಿಂಡೀಬಂಧಗಳನ್ನೂ ಹೇಳಿರುವನು. ಪಿಂಡೀ, ಶೃಂಖಲಿಕಾ, ಲತಾಬಂಧ, ಭೇದ್ಯಕ ಎಂಬ ನಾಲ್ಕು ವಿಧಗಳನ್ನು ನೋಡಿದರೆ, ಹಲವರು ನರ್ತಕಿಯರು ಗುಂಪುಗೂಡುವುದು, ಸರಪಣಿಯಂತೆ ಹೆಣೆದುಕೊಳ್ಳುವುದು, ಬಳ್ಳಿಯಂತೆ ಬಳಸುವುದು, ಮತ್ತೆ ಬೇರ್ಪಡುವುದು ಇವೆಲ್ಲವೂ ಅಂದೇ ಶಾಸ್ತ್ರಕ್ಕೆ ವಿಷಯವಾಗಿದ್ದುವೆಂದು ತಿಳಿಯುತ್ತದೆ. ಆದರೆ ಮುಂದಿನ ಕಾಲದಲ್ಲಿ ಏಕವ್ಯಕ್ತಿ ನರ್ತನವು ಪ್ರಬಲವಾದ ಸಂಪ್ರದಾಯಗಳಲ್ಲಿ ಈ ಸಮೂಹವಿನ್ಯಾಸಕ್ಕೆ ಪ್ರಾಧಾನ್ಯವು ಕುಗ್ಗಿತು. ಕಥಕ್ ಇದಕ್ಕೆ ನಿದರ್ಶನ. ಗುರುವಿನಿಂದ ಶಿಷ್ಯನಿಗೆ ತೋಡಾ, ಪರಣ್, ಗತ್‌ಗಳು ಸಂಕ್ರಮಿಸುತ್ತಿದ್ದುವು. ಹೊಸದನ್ನು ಕಟ್ಟುವ ಬಗೆಯನ್ನು ಪ್ರತ್ಯೇಕವಾಗಿ ಕಲಿಸುವ ಪಾಠವಿರಲಿಲ್ಲ.

ಮಾಯಾರಾವ್ ಅವರು ಬೆಳೆದುಬಂದುದು ಈ ಸಂಪ್ರದಾಯದೊಳಗೇ. ಅವರು ೧೯೨೮ರ ಮೇ ೨ರಂದು ಬೆಂಗಳೂರಿನಲ್ಲಿ ಜನಿಸಿದರು. ಬಾಲ್ಯದಲ್ಲಿ ಸೋಹನ್‌ಲಾಲ್ ಅವರಿಂದ ಕಥಕ್‌ನ ಮೊದಲ ಪಾಠಗಳನ್ನು ಕಲಿತರು. ತರುವಾಯ ಜಯಪುರ ಘರಾಣೆಯ ಸುಂದರಪ್ರಸಾದರಲ್ಲಿಯೂ, ೧೯೫೫ರಿಂದ ದೆಹಲಿಯ ಭಾರತೀಯ ಕಲಾಕೇಂದ್ರದಲ್ಲಿ ಲಖನೌ ಘರಾಣೆಯ ಶಂಭುಮಹಾರಾಜರಲ್ಲಿಯೂ ಅಭ್ಯಾಸ ಮಾಡಿದರು. ಜಯಪುರದ ಲಯಕಾರಿಯೂ ಲಖನೌವಿನ ಭಾವಾಭಿನಯವೂ ಹೀಗೆ ಅವರಿಗೆ ಕೈವಶವಾದುವು. ೧೯೬೦ರಲ್ಲಿ ವಿದ್ಯಾರ್ಥಿವೇತನವನ್ನು ಪಡೆದು ಸೋವಿಯೆಟ್ ದೇಶಕ್ಕೆ ತೆರಳಿ, ಮಾಸ್ಕೋ ನಗರದ ರಾಷ್ಟ್ರೀಯ ರಂಗಕಲಾ ವಿದ್ಯಾಲಯದಲ್ಲಿ ನೃತ್ಯಸಂಯೋಜನೆಯನ್ನು ವ್ಯಾಸಂಗ ಮಾಡಿದರು. ಆ ವಿದ್ಯಾಲಯದಲ್ಲಿ ೧೯೪೬ರಿಂದಲೇ ಬ್ಯಾಲೆಯ ರಚನಾಕಾರರನ್ನು ಸಿದ್ಧಪಡಿಸುವ ವಿಭಾಗವೊಂದು ನಡೆಯುತ್ತಿತ್ತು.

೧೯೬೪ರಲ್ಲಿ ಹಿಂದಿರುಗಿದ ಅವರಿಗೆ ಆಶ್ರಯವಿತ್ತವರು ಮಂಗಳೂರಿನಲ್ಲಿ ಜನಿಸಿ ದೇಶಸೇವೆಯಿಂದಲೂ ಕಲಾಪೋಷಣೆಯಿಂದಲೂ ವಿಖ್ಯಾತರಾಗಿದ್ದ ಕಮಲಾದೇವಿ ಚಟ್ಟೋಪಾಧ್ಯಾಯರು. ಭಾರತೀಯ ನಾಟ್ಯ ಸಂಘದ ಆಶ್ರಯದಲ್ಲಿ ದೆಹಲಿಯಲ್ಲಿ ನೃತ್ಯಸಂಯೋಜನೆಯ ಶಾಲೆಯು ಆರಂಭವಾಯಿತು. ಅಲ್ಲಿಗೆ ಬಂದವರಲ್ಲಿ ಉತ್ತರ ಕನ್ನಡದ ಯಕ್ಷಗಾನ ಕಲಾವಿದರಾದ ಕೆರೆಮನೆ ಶಂಭು ಹೆಗಡೆಯವರೂ (೧೯೩೮–೨೦೦೯) ಒಬ್ಬರು. ತಂದೆ ಶಿವರಾಮ ಹೆಗಡೆಯವರು ೧೯೩೪ರಲ್ಲಿ ಸ್ಥಾಪಿಸಿದ್ದ ಇಡಗುಂಜಿ ಮೇಳವನ್ನು ಅವರು ಮುಂದೆ ನಡೆಸಿ ದೇಶವಿದೇಶಗಳಲ್ಲಿ ಪ್ರಸಿದ್ಧಿಗೆ ತಂದರು. ಕಥಕ್ ನರ್ತಕಿಯಿಂದ ಯಕ್ಷಗಾನದವರು ಏನನ್ನು ಕಲಿಯಬಹುದು ಎಂಬ ಶಂಕೆಗೆ ಇಲ್ಲಿಯೇ ಉತ್ತರವಿದೆ: ಅಲ್ಲಿ ಕಲಿಸುತ್ತಿದ್ದುದು ಕಥಕ್‌ನ ಹೆಜ್ಜೆಗಳನ್ನಷ್ಟೇ ಅಲ್ಲ, ರಂಗಸ್ಥಳದ ವಿಭಾಗ, ಸಮೂಹದ ಚಲನೆ, ಕಥಾವಸ್ತುವಿಗೂ ಲಯಕ್ಕೂ ಇರುವ ಹೊಂದಿಕೆ ಮುಂತಾಗಿ ಎಲ್ಲ ಸಂಪ್ರದಾಯಗಳಿಗೂ ಸಾಧಾರಣವಾದ ವಿಷಯಗಳನ್ನು ಕೂಡ.

ರಚನೆಯ ಶಕ್ತಿಯು ಜನ್ಮತಃ ಬರತಕ್ಕುದಲ್ಲದೆ ಕಲಿಸಿ ಬರತಕ್ಕುದಲ್ಲ ಎಂಬ ಆಕ್ಷೇಪವು ಇಲ್ಲಿ ಏಳುವುದು ಸಹಜ. ಕಾವ್ಯಮೀಮಾಂಸೆಯಲ್ಲಿಯೂ ಈ ಪ್ರಶ್ನೆ ಹಳೆಯದೇ. ಮಮ್ಮಟನು ಶಕ್ತಿ, ನಿಪುಣತೆ, ಅಭ್ಯಾಸ ಈ ಮೂರೂ ಕೂಡಿಯೇ ಕಾವ್ಯಕ್ಕೆ ಹೇತುವಾಗುವುವೆಂದು ನಿರ್ಣಯಿಸಿರುವನು. ಶಕ್ತಿಯನ್ನು ಯಾವ ಗುರುವೂ ಕೊಡಲಾರನು. ಆದರೆ ಲೋಕಶಾಸ್ತ್ರಗಳ ಅವಲೋಕನದಿಂದ ಬರುವ ನಿಪುಣತೆಯೂ, ಬಲ್ಲವರ ಶಿಕ್ಷಣದಿಂದ ನಡೆಯುವ ಅಭ್ಯಾಸವೂ ಪಾಠಕ್ಕೆ ಒಳಪಡತಕ್ಕುವೇ. ಮಾಯಾರಾವ್ ಅವರ ಶಾಲೆಯ ಉದ್ದೇಶವನ್ನು ಈ ದೃಷ್ಟಿಯಿಂದ ಗ್ರಹಿಸುವುದು ಯುಕ್ತ. ವಿದೇಶೀಯ ವಿಧಾನದಿಂದ ದೇಶೀಯ ಕಲೆಯು ಕೆಡುವುದೆಂಬ ಮತ್ತೊಂದು ಆಕ್ಷೇಪಕ್ಕೂ ಸಮಾಧಾನವುಂಟು. ಮಾಸ್ಕೋದಿಂದ ಬಂದುದು ರಚನೆಯ ಕ್ರಮ. ಅದಕ್ಕೆ ಒದಗಿದ ಸಾಮಗ್ರಿ ಇಲ್ಲಿಯದು. ಪರದೇಶದ ವ್ಯಾಕರಣವನ್ನು ಓದಿದವನು ಸ್ವಭಾಷೆಯ ಸ್ವರೂಪವನ್ನು ಇನ್ನಷ್ಟು ಚೆನ್ನಾಗಿ ಅರಿಯುವಂತೆಯೇ ಇದು.

೧೯೮೭ರಲ್ಲಿ ಈ ಸಂಸ್ಥೆಯು ಬೆಂಗಳೂರಿಗೆ ಬಂದು, ಕಥಕ್ ಮತ್ತು ನೃತ್ಯಸಂಯೋಜನೆಯ ನಾಟ್ಯಸಂಸ್ಥೆಯಾಗಿ ಮಲ್ಲೇಶ್ವರದಲ್ಲಿ ನೆಲೆಸಿತು. ಇದಕ್ಕೂ ಇತಿಹಾಸದಲ್ಲಿ ಒಂದು ಪೂರ್ವಕಥೆಯಿದೆ. ಶಿವಗಂಗೆಯ ಬಳಿಯ ಸಾತನೂರಿನ ಪುಂಡರೀಕ ವಿಠ್ಠಲನು ಹದಿನಾರನೆಯ ಶತಮಾನದಲ್ಲಿ ಉತ್ತರಕ್ಕೆ ಹೋಗಿ, ಅಕ್ಬರನ ಕಾಲದಲ್ಲಿ ನರ್ತನನಿರ್ಣಯವೆಂಬ ಗ್ರಂಥವನ್ನು ರಚಿಸಿದನು. ನರ್ತನವನ್ನು ಬಂಧ, ಅನಿಬಂಧ ಎಂದು ವಿಂಗಡಿಸಿದ ಆ ಗ್ರಂಥದಲ್ಲಿ ಇಂದಿನ ಕಥಕ್‌ನ ಪೂರ್ವರೂಪವನ್ನು ಕಾಣುವ ವಿದ್ವಾಂಸರುಂಟು. ಕನ್ನಡನಾಡಿನ ಶಾಸ್ತ್ರಜ್ಞನು ಉತ್ತರಕ್ಕೆ ಕೊಂಡೊಯ್ದ ವಿಚಾರಕ್ಕೆ ಪ್ರತಿಯಾಗಿ, ಅದೇ ನಾಡಿನ ನರ್ತಕಿಯು ಉತ್ತರದ ಪ್ರಯೋಗವನ್ನು ದಕ್ಷಿಣಕ್ಕೆ ತಂದರೆನ್ನಬಹುದು.

೧೯೮೯ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿಯು ಅವರಿಗೆ ಸಂದಿತು. ಪುತ್ರಿ ಮಧು ನಟರಾಜ್ ಅವರು ೧೯೯೫ರಲ್ಲಿ ‘ಸ್ಟೆಮ್’ ಎಂಬ ಸಮಕಾಲೀನ ನೃತ್ಯತಂಡವನ್ನು ಸ್ಥಾಪಿಸಿ ಪರಂಪರೆಯನ್ನು ಹೊಸ ದಿಕ್ಕಿಗೆ ಮುಂದುವರಿಸಿದರು. ಮಾಯಾರಾವ್ ಅವರು ೨೦೧೪ರ ಸೆಪ್ಟೆಂಬರ್ ೧ರಂದು ಬೆಂಗಳೂರಿನಲ್ಲಿ ಕಾಲವಶರಾದರು.

ಸಾಹಿತ್ಯವನ್ನು ಓದುವವರಿಗೂ ಇದರಲ್ಲಿ ವಿಚಾರಣೀಯವಾದ ಒಂದು ಅಂಶವಿದೆ. ಕವಿಯು ತೀರಿದ ಮೇಲೂ ಓಲೆಗರಿಯಲ್ಲಿ ಕಾವ್ಯವು ಉಳಿಯುವುದು. ಪಾಠಾಂತರಗಳನ್ನು ಹೋಲಿಸಿ ಶುದ್ಧಪಾಠವನ್ನು ನಿರ್ಣಯಿಸಬಹುದು. ನೃತ್ಯಕ್ಕೆ ಓಲೆಯೆಂದರೆ ಶಿಷ್ಯರ ದೇಹವೇ. ಆ ಶಿಷ್ಯರಿಗೆ ವಯಸ್ಸಾದಂತೆ ಪಾಠವು ಮಾಸುವುದು. ಚಲಚ್ಚಿತ್ರವು ಹೊರಗಣ ರೂಪವನ್ನು ಹಿಡಿದಿಡಬಲ್ಲುದೇ ಹೊರತು, ರಚಿಸಿದವರು ಹಾಗೇಕೆ ರಚಿಸಿದರೆಂಬುದನ್ನು ತಿಳಿಸಲಾರದು. ಭರತನ ಪಿಂಡೀಬಂಧಗಳಿಗೆ ಲಕ್ಷಣವು ಉಳಿದು ಲಕ್ಷ್ಯವು ಅಳಿಯಿತು. ನಮ್ಮ ಕಾಲದ ಸಂಯೋಜನೆಗಳಿಗಾದರೋ ಲಕ್ಷ್ಯವು ಇನ್ನೂ ಕಣ್ಣೆದುರಿಗಿದ್ದು ಲಕ್ಷಣವೇ ಬರೆಯಲ್ಪಟ್ಟಿಲ್ಲ. ಅವರಲ್ಲಿ ಕಲಿತವರು ಇರುವಾಗಲೇ ವಿದ್ವಾಂಸರು ಕಲಾವಿದರೊಡನೆ ಕುಳಿತು ಅದನ್ನು ಲಿಖಿಸಿದರೆ, ಕೊರಿಯಾಗ್ರಫಿ ಎಂಬ ಶಬ್ದದ ಮೊದಲ ಅರ್ಥವೂ ಸಾರ್ಥಕವಾಗುವುದು.